ಚೂಡಾಮಣಿಯವರು ಉಳಿಸಿಕೊಟ್ಟ ತಾರಸಿ

ಯಡಿಯೂರು ಕೆರೆಯ ಹತ್ತಿರ ನಮ್ಮ ಕಟ್ಟಡ ಎದ್ದಾಗ ಜಯನಗರದ ಜನ ನಿಂತು ನೋಡಿ ಹೋಗುತ್ತಿದ್ದರು. ಅದು 1981. ಸ್ವಂತ ಮನೆಯೆಂದರೆ ಸೈಟು, ಕಾಂಪೌಂಡು, ಹಿತ್ತಲಲ್ಲೊಂದು ತೆಂಗಿನಮರ ಎಂದುಕೊಂಡಿದ್ದವರಿಗೆ, ಒಬ್ಬರ ತಲೆಯ ಮೇಲೆ ಇನ್ನೊಬ್ಬರು ಒಲೆ ಹಚ್ಚುವುದು ವಿಚಿತ್ರವಾಗಿ ಕಾಣುತ್ತಿತ್ತು. ಕೊಂಡವರು ನಾವು ಒಂಬತ್ತು ಕುಟುಂಬ. ಮೇಲಿನ ಅಂತಸ್ತಿನಲ್ಲಿ ಚೂಡಾಮಣಿಯವರು ತಾಯಿ ಸರಸ್ವತಮ್ಮನವರ ಜೊತೆಗಿದ್ದರು. ಮದುವೆಯಾಗಿರಲಿಲ್ಲ. ಟೆಲಿಫೋನ್ ಎಕ್ಸ್‌ಚೇಂಜಿನಲ್ಲಿ ಟ್ರಂಕ್ ಕಾಲ್ ನೋಡಿಕೊಳ್ಳುತ್ತಿದ್ದರು. ಲೈನ್ ಸಿಗದೆ ರೇಗುವವರನ್ನು ದಿನವಿಡೀ ಸಮಾಧಾನ ಮಾಡಿ ಮಾಡಿ, ಎದುರಿಗೆ ಯಾರು ಎಷ್ಟು ಕೂಗಿದರೂ ಅವರ ದನಿ ಏರುತ್ತಿರಲಿಲ್ಲ.

ಬಿಲ್ಡರ್ ಗುರುಶಾಂತಪ್ಪ ಮನೆ ಮಾರುವಾಗ ಎಲ್ಲರನ್ನೂ ತಾರಸಿಗೆ ಕರೆದೊಯ್ದು ಕೆರೆ ತೋರಿಸಿ, "ಇದು ನಿಮ್ಮೆಲ್ಲರದ್ದೂ" ಎಂದಿದ್ದ. ಮೂರು ವರ್ಷ ಕಳೆದ ಮೇಲೆ ಅದೇ ತಾರಸಿಯ ಮೇಲೆ ಇನ್ನೆರಡು ಅಂತಸ್ತು ಎಬ್ಬಿಸುವುದಾಗಿ ಹೇಳಿಕಳಿಸಿದ. ಸುದ್ದಿ ಕೇಳಿದ ಸಂಜೆ ಚೂಡಾಮಣಿ ಅವನನ್ನೇ ಮನೆಗೆ ಕರೆಸಿದರು. ನಾವೆಲ್ಲ ಗೋಡೆಗೊರಗಿ ನಿಂತಿದ್ದೆವು.

"ನಿಮಗೆ ಕೊಟ್ಟಿರೋದು ಮನೆ ಮೇಡಂ. ತಾರಸಿ ನಂದು" ಎಂದ ಗುರುಶಾಂತಪ್ಪ.

"ಮಾರೋವಾಗ ಎಲ್ಲರದ್ದೂ ಅಂದ್ರಿ. ಈಗ ನಿಮ್ಮದು ಅಂತೀರ. ಯಾವುದನ್ನ ನಂಬೋಣ?"

"ಕೋರ್ಟಿಗೆ ಹೋಗ್ತೀರಾ? ವರ್ಷಗಟ್ಟಲೆ ಎಳೆಯುತ್ತೆ, ನೋಡಿ."

"ಎಳೀಲಿ ಸಾರ್. ನಾನು ರಿಟೈರ್ ಆಗೋಕೆ ಇನ್ನೂ ಟೈಮಿದೆ. ಕಾಫಿ ತಣ್ಣಗಾಗ್ತಿದೆ, ತಗೊಳ್ಳಿ."

ಹೇಳಿದಂತೆ ದಾವೆ ಹೂಡಿದರು. ಕೊಂಡವರ ಒಪ್ಪಿಗೆ ಇಲ್ಲದೆ ಕಟ್ಟಡದ ನಕ್ಷೆ ಬದಲಿಸುವಂತಿಲ್ಲ ಎಂಬುದು ನಮ್ಮ ವಕೀಲ ಚಕ್ರಪಾಣಿಯವರ ವಾದ. ಸದ್ಯಕ್ಕೆ ಕಟ್ಟುವ ಯೋಚನೆಯೇ ಇಲ್ಲವೆಂದು ಎದುರು ವಕೀಲರು ಹೇಳಿದ್ದರಿಂದ ತಡೆಯಾಜ್ಞೆ ಸಿಗಲಿಲ್ಲ. ಕೇಸು ಬೇಸಿಗೆ ರಜೆಯ ಆಚೆಗೆ ಹೋಯಿತು.

ಅಷ್ಟರಲ್ಲಿ ನಮ್ಮಲ್ಲೇ ಒಬ್ಬರು ಹಿಂದೆ ಸರಿದರು. ಕೆಳಮನೆಯ ಸೇತುರಾಮಯ್ಯ ಬ್ಯಾಂಕಿನಿಂದ ನಿವೃತ್ತರಾದವರು. ಹೊಸ ಅಂತಸ್ತಿನಲ್ಲಿ ಅವರ ಮಗನಿಗೊಂದು ಮನೆ ಮಾಡಿಕೊಡುವುದಾಗಿ ಗುರುಶಾಂತಪ್ಪ ಆಸೆ ತೋರಿಸಿದ್ದ. ಅವರ ಜೊತೆ ಮಾತು ಬಿಡೋಣವೆಂದು ನಾವು ಕೆಲವರು ಗುಸುಗುಟ್ಟಿದೆವು. ಚೂಡಾಮಣಿ ಮಾತ್ರ ನೇರ ಅವರ ಮನೆಗೇ ಹೋಗಿ ಕುಳಿತರು.

"ನಾನು ಜಗಳಕ್ಕೆ ಬಂದಿಲ್ಲ ಸಾರ್. ಇವತ್ತು ನಮಗೆ ಕೊಟ್ಟ ಮಾತು ತಪ್ಪಿದವನು ನಾಳೆ ನಿಮಗೆ ಕೊಟ್ಟಿದ್ದು ಉಳಿಸ್ಕೋತಾನಾ, ಅಷ್ಟು ಯೋಚನೆ ಮಾಡಿ" ಎಂದು ಹೇಳಿ ಎದ್ದು ಬಂದರು.

ಕೋರ್ಟಿಗೆ ರಜೆ ಬಿದ್ದ ವಾರವೇ ಲಾರಿಯಲ್ಲಿ ಇಟ್ಟಿಗೆ, ಕಂಬಿ ಬಂದಿಳಿದವು. ಮಾರನೆಯ ಬೆಳಿಗ್ಗೆ ಕೆಲಸ ಶುರು ಎಂದು ಮೇಸ್ತ್ರಿ ಹೇಳಿದ. ರಜೆಯಲ್ಲೂ ತುರ್ತು ಅರ್ಜಿ ಕೇಳುವ ನ್ಯಾಯಾಧೀಶರಿದ್ದಾರೆ, ಆದರೆ ಆದೇಶ ಕೈಗೆ ಬರಲು ಒಂದೆರಡು ದಿನವಾದರೂ ಬೇಕು ಎಂದರು ಚಕ್ರಪಾಣಿ. ಕೆಲಸ ಒಮ್ಮೆ ಶುರುವಾದರೆ ನಿಲ್ಲಿಸುವುದು ಕಷ್ಟ.

"ನೀನು ಕೋರ್ಟು ನೋಡ್ಕೋ. ತಾರಸಿ ನಾನು ನೋಡ್ಕೋತೀನಿ" ಎಂದು ಮಗಳಿಗೆ ಹೇಳಿದರು ಸರಸ್ವತಮ್ಮ.

ಹೇಗೂ ಸಂಡಿಗೆ ಇಡುವ ಕಾಲ. ಬೆಳಗಾಗುವಷ್ಟರಲ್ಲಿ ಎಲ್ಲ ಮನೆಗಳ ಹೆಂಗಸರೂ ಹಳೆಯ ಪಂಚೆ, ಸೀರೆ ಹಾಸಿ, ತಾರಸಿಯಲ್ಲಿ ಕಾಲಿಡಲು ಜಾಗವಿಲ್ಲದಂತೆ ಅರಳು ಸಂಡಿಗೆ, ಹಪ್ಪಳ, ಬಾಳಕದ ಮೆಣಸಿನಕಾಯಿ ಹರಡಿದ್ದರು. ಆಳುಗಳು ಮೆಟ್ಟಿಲ ತುದಿಯಲ್ಲೇ ನಿಂತರು. ತಿನ್ನುವ ಪದಾರ್ಥ ತುಳಿಯಲು ಯಾರಿಗೂ ಮನಸ್ಸು ಬರಲಿಲ್ಲ. ಮೇಸ್ತ್ರಿ ತಿಮ್ಮರಾಯಪ್ಪ ಚಪ್ಪಲಿ ಬಿಟ್ಟು, "ಯಾವಾಗ ಒಣಗುತ್ತಮ್ಮ?" ಎಂದು ಕೇಳಿದ.

"ಬಿಸಿಲು ಹೇಗೆ ಬೀಳುತ್ತೋ ಹಾಗೆ ಕಣಪ್ಪ" ಎಂದರು ಸರಸ್ವತಮ್ಮ.

ಗುರುಶಾಂತಪ್ಪ ತಾನೇ ಬಂದ, ಗದರಿದ, ಆಮೇಲೆ ಕೈಮುಗಿದ. ಅದೇ ಹೊತ್ತಿಗೆ ಸೇತುರಾಮಯ್ಯ ಒಂದು ಕೈಯಲ್ಲಿ ಮಡಿಸುವ ಕುರ್ಚಿ, ಇನ್ನೊಂದರಲ್ಲಿ ಕೊಡೆ ಹಿಡಿದು ಏದುಸಿರು ಬಿಡುತ್ತ ಮೇಲೆ ಬಂದರು. ಯಾರ ಮುಖವನ್ನೂ ನೋಡದೆ ಬಾಗಿಲಿಗೆ ಅಡ್ಡಲಾಗಿ ಕುರ್ಚಿ ಹಾಕಿ ಕುಳಿತರು.

"ಕಾಗೆ ಬರುತ್ತೆ. ಕಾಯೋಕೆ ಒಬ್ಬರು ಬೇಕಲ್ಲ" ಎಂದರು. ಹೆಂಗಸರು ಮುಸಿಮುಸಿ ನಕ್ಕರು.

ಮರುದಿನ ಮಧ್ಯಾಹ್ನ ಚೂಡಾಮಣಿ ಆಟೋದಿಂದ ಇಳಿದಾಗ ಅವರ ಕೈಯಲ್ಲಿ ತಡೆಯಾಜ್ಞೆ ಇತ್ತು. ಇಟ್ಟಿಗೆ ಬಂದ ಲಾರಿಯಲ್ಲೇ ವಾಪಸ್ಸು ಹೋಯಿತು.

ತೀರ್ಪು ಬಂದದ್ದು 1987ರಲ್ಲಿ. ಅಷ್ಟೂ ವರ್ಷ ಅವರು ಡ್ಯೂಟಿ ಬದಲಿಸಿಕೊಂಡು ಪ್ರತಿ ವಾಯಿದೆಗೂ ಹೋಗುತ್ತಿದ್ದರು. ಒಮ್ಮೆಯೂ ಸೋಲಿನ ಮಾತಾಡಿದ್ದು ನಾನು ಕೇಳಲಿಲ್ಲ. ಎಲ್ಲರ ಒಪ್ಪಿಗೆಯಿಲ್ಲದೆ ತಾರಸಿಯ ಮೇಲೆ ಏನನ್ನೂ ಕಟ್ಟುವಂತಿಲ್ಲವೆಂದು ನ್ಯಾಯಾಧೀಶರು ಬರೆದರು. ಕೋರ್ಟಿನ ವರಾಂಡದಲ್ಲಿ ಗುರುಶಾಂತಪ್ಪ ಎದುರಾಗಿ, "ಗೆದ್ದುಬಿಟ್ರಿ ಮೇಡಂ" ಎಂದ.

"ಹೌದು ಸಾರ್. ನಮ್ಮ ನೀರಿನ ಸಂಪಿಗೆ ನೀವಿನ್ನೂ ಸರಿಯಾದ ಮುಚ್ಚಳ ಹಾಕಿಸಿಲ್ಲ. ಯಾವಾಗ ಹಾಕಿಸ್ತೀರಿ?"

ಅವನು ನಕ್ಕುಬಿಟ್ಟ. ಮುಚ್ಚಳ ಆ ವಾರವೇ ಬಂತು.

ಮುಂದೆ ಜೆ.ಪಿ. ನಗರದಿಂದ, ಬನಶಂಕರಿಯಿಂದ ಫ್ಲಾಟು ಕೊಂಡು ಪೇಚಿಗೆ ಬಿದ್ದವರು ಅವರನ್ನು ಹುಡುಕಿಕೊಂಡು ಬರತೊಡಗಿದರು. ಒಂದು ಭಾನುವಾರ ಬಂದ ದಂಪತಿ ಕೂತ ಕೂಡಲೇ ಒಳ್ಳೆಯ ವಕೀಲರು ಯಾರೆಂದು ಕೇಳಿದರು.

"ಹೇಳ್ತೀನಿ" ಎಂದರು ಚೂಡಾಮಣಿ. "ಮೊದಲು ನಿಮ್ಮ ಪಕ್ಕದ ಮನೆಯವರ ಹೆಸರು ಹೇಳಿ."

ಗಂಡ ಹೆಂಡತಿಯ ಕಡೆ ತಿರುಗಿ, "ಅವರ ಬಾಗಿಲ ಮೇಲೆ ಬೋರ್ಡಿದೆಯಲ್ಲ, ಏನದು?" ಎಂದು ಕೇಳಿದರು.