ಟೋಕನ್ ಇದೆ, ಹೆಸರಿಲ್ಲ
ಗೆಳೆಯರೇ, ಇವತ್ತು ಬೆಳಿಗ್ಗೆ ಒಂಬತ್ತಕ್ಕೆ ವಟ್ವಾದ ಆಸ್ಪತ್ರೆಯೊಂದರ ಬುಕಿಂಗ್‌ಗಳನ್ನೆಲ್ಲ ನಮ್ಮ ಕಂಪನಿ ಬರೀ ಪ್ರಯೋಗಕ್ಕೆಂದು ಇಟ್ಟಿರುವ ಟೆಸ್ಟ್ ಸರ್ವರ್‌ಗೆ ಕಳಿಸಿಬಿಟ್ಟಿತು. ರೋಗಿಗಳ ಕೈಯಲ್ಲಿ ಟೋಕನ್ ಇತ್ತು, ಡಾಕ್ಟರ ಪಟ್ಟಿಯಲ್ಲಿ ಹೆಸರಿರಲಿಲ್ಲ. ತಾಯಿಯನ್ನು ಕರೆತಂದವರೊಬ್ಬರು ನನಗೆ ಫೋನ್ ಮಾಡಿ, “ಬೆನ್, ಮಾ ಕೋ ವಾಪಸ್ ಲೇ ಜಾವೂಂ ಕ್ಯಾ?” ಅಕ್ಕಾ, ಅಮ್ಮನನ್ನು ವಾಪಸ್ ಕರಕೊಂಡು ಹೋಗಲಾ, ಎಂದು ಕೇಳಿದರು.

ಬುಕಿಂಗ್ ಯಾವ ಸರ್ವರಿಗೆ ಹೋಗಬೇಕೆಂದು ಹಂಚುವ ಲೋಡ್ ಬ್ಯಾಲೆನ್ಸರಿನ ದಾರಿಯನ್ನು ಯಾರೋ ಕೋಡ್ ಮುಟ್ಟದೆ ಕೈಯಿಂದಲೇ ತಿರುಗಿಸಿದ್ದರು. “ಐದ ನಿಮಿಷಕ್ಕಂತ ತಿರುಗಿಸಿದ್ದೆ ಮೇಡಂ, ಮರತಬಿಟ್ಟೆ,” ಎಂದರು ಧಾರವಾಡದ ನಮ್ಮ ಮ್ಯಾನೇಜರು. ಕಳೆದ ಉತ್ತರಾಯಣದ ಗಾಳಿಪಟದ ಹಬ್ಬದಲ್ಲೂ ಇವರದು ಇದೇ ಐದು ನಿಮಿಷ!

ದಾರಿಯನ್ನು ಗೊತ್ತುಮಾಡುವ ಕೋಡನ್ನು ಮತ್ತೆ ಓಡಿಸಿದೆ, ದಾರಿ ಸರಿಹೋಯಿತು. ಟೆಸ್ಟ್ ಸರ್ವರಿನಲ್ಲಿ ಬಿದ್ದಿದ್ದ ಹೆಸರುಗಳೂ ಸಿಕ್ಕವು. ಮಧ್ಯಾಹ್ನದೊಳಗೆ ಆ ತಾಯಿಯನ್ನೂ ಡಾಕ್ಟರು ನೋಡಿದರು. ಹೋದ ಜೀವ ಬಂದಂತಾಯಿತು.

ಆಸ್ಪತ್ರೆಗೆ ಹೋದ ಪತ್ರದಲ್ಲಿ ಮಾತ್ರ “ತಾಂತ್ರಿಕ ಕಾರಣ” ಎಂದಿದೆ. ಆ ಕಾರಣ ಈಗ ನನ್ನೆದುರಿನ ಕುರ್ಚಿಯಲ್ಲಿ ಚಹಾ ಕುಡಿಯುತ್ತಿದೆ. ಅದು ರೋಗಿಗಳ ಮುಂದೆ ಬಂದು ಉತ್ತರ ಹೇಳಲಿ.