ಸೂರ್ಯನ ಅಂಚು

೧೯೮೪ರಲ್ಲಿ, ಏಳನೇ ಕ್ಲಾಸಿಗೆ, ನನ್ನ ಓದು ಮುಗೀತು. ಆಗಿನ ಪುಸ್ತಕದಲ್ಲಿ ಸೂರ್ಯ ಅಂದರೆ ಒಂದು ಹಳದಿ ಬಿಲ್ಲೆ, ಸುತ್ತ ಗೀಟು. ಅಪ್ಪ ನನ್ನನ್ನು ಮೊಳಕಾಲ್ಮೂರಿನ ನಮ್ಮ ಮನೆಯ ಗುಂಡಿ ಮಗ್ಗಕ್ಕೆ ಇಳಿಸಿದ. ನನ್ನ ಸೂರ್ಯ ಅಲ್ಲಿಗೇ ನಿಂತ. ಅದಕ್ಕೇನು ನಾಚಿಕೆಯಿಲ್ಲ. ನಾನು ನೇಯ್ದ ರೇಷ್ಮೆ ಸೀರೆಗೆ ಬೆರಳಿಟ್ಟು ತಪ್ಪು ತೋರಿಸಿದವರು ಯಾರಾದರೂ ಇದ್ದರೆ ಕರಕೊಂಡು ಬನ್ನಿ.

ಹೋದ ತಿಂಗಳು ಒಂದು ಭಾನುವಾರ ಮಗಳು ಸರೋಜ ಚಳ್ಳಕೆರೆಯಿಂದ ಬಂದಿದ್ದಳು. ಅಲ್ಲಿ ಹೈಸ್ಕೂಲಿನಲ್ಲಿ ವಿಜ್ಞಾನ ಹೇಳಿಕೊಡ್ತಾಳೆ. ಫೋನು ತಂದು ನನ್ನ ಮುಖಕ್ಕೆ ಹಿಡಿದಳು. ನಡುವೆ ಕಪ್ಪು ಬಿಲ್ಲೆ, ಸುತ್ತ ಹೊಗೆಯಂಥ ಬೆಳಕು.

"ಸೂರ್ಯಂಗೆ ಗ್ರಹಣ ಹಿಡಿದೈತೇನವ್ವಾ?"

"ಗ್ರಹಣ ಅಲ್ಲಪ್ಪಾ. ಬೇಕಂತಲೇ ಮುಚ್ಚವ್ರೆ."

ಮೋಡ ಕಾಯೋಕೆ ಅಂತ ಮೇಲೆ ಬಿಟ್ಟಿರೋ ಹವಾಮಾನ ಉಪಗ್ರಹಗಳಲ್ಲಿ ಕೆಲವಕ್ಕೆ ಸೂರ್ಯನ ಕಡೆಗೂ ಒಂದು ಕಣ್ಣು ಇಟ್ಟಿದ್ದಾರಂತೆ. ಸೂರ್ಯ ಒಮ್ಮೊಮ್ಮೆ ಸಿಡಿದು ಬೆಂಕಿಮೋಡದಂಥದ್ದನ್ನು ಉಗುಳ್ತಾನೆ. ಅದು ಬಂದು ಭೂಮಿಗೆ ಬಡಿದರೆ ಕರೆಂಟು, ವಿಮಾನದ ರೇಡಿಯೋ, ದಾರಿ ತೋರಿಸೋ ಫೋನು, ಎಲ್ಲ ಏರುಪೇರು. ಬರೋಕೆ ಒಂದೆರಡು ದಿನ ಬೇಕಂತೆ. ಮೊದಲೇ ಕಂಡವರು ಕೂಗಿ ಎಚ್ಚರಿಸಬಹುದು. ಆದರೆ ಆ ಉರಿಯ ಮುಂದೆ ಸುತ್ತಲಿನದು ಕಾಣಬೇಕಲ್ಲ? ಅದಕ್ಕೆ ನಡುವಿಗೊಂದು ಬಿಲ್ಲೆ ಅಡ್ಡ ಇಡ್ತಾರೆ.

"ಒಡಲು ಮುಚ್ಚಿದ್ರೇನೇ ಅಂಚು ಕಾಣೋದು," ಅಂದಳು. ನೇಕಾರನ ಮಗಳಲ್ಲವಾ, ಸೂರ್ಯನಿಗೂ ಸೀರೆ ಉಡಿಸಿಬಿಟ್ಟಳು.

ನನಗೆ ಇವಳ ಅವ್ವ ಲಕ್ಷುಮಿ ನೆನಪಾದಳು. ನಮ್ಮ ಸೀರೆಯ ಒಡಲಿಗೊಂದು ಬಣ್ಣ, ಅಂಚಿಗೊಂದು ಬಣ್ಣ. ಅದಕ್ಕೆ ಮೂರು ಲಾಳಿ. ಬಲಗಡೆ ಅಂಚಿನ ಲಾಳಿ ಎಸೆಯೋಕೆ ಇನ್ನೊಬ್ಬರು ಕೂರಲೇಬೇಕು. ಮದುವೆಯಾದಾಗಿನಿಂದ ಅಲ್ಲಿ ಅವಳೇ. ರಾಯದುರ್ಗದ ಕಡೆಯವಳು, ಸಿಟ್ಟು ಬಂದರೆ ತೆಲುಗು. ಎಳೆ ಹರಿದದ್ದು ನನಗಿಂತ ಮೊದಲು ಅವಳಿಗೇ ಕಾಣೋದು. "ಆಗಯ್ಯಾ!" ಅಂತ, ಅಂದರೆ ನಿಲ್ಲಯ್ಯಾ ಅಂತ, ತೆಲುಗಲ್ಲೇ ಕೂಗಿ ಮಗ್ಗ ನಿಲ್ಲಿಸೋಳು. "ಕಣ್ಣು ಎಲ್ಲಿಟ್ಟೀಯ?"

"ನಿನ್ನ ಮೇಲೆ."

"ಎಳೆ ಮೇಲಿಡು, ಹೊಟ್ಟೆ ತುಂಬ್ತದೆ."

ಅವಳು ತೀರಿಕೊಂಡು ಮೂರು ವರ್ಷ. ಅಂದಿನಿಂದ ಒಬ್ಬನೇ ನೇಯುವಂಥ ಸಾದಾ ಸೀರೆ ಹಿಡಿದೆ. ಕೇಳಿದವರಿಗೆ "ಈಗಿನೋರಿಗೆ ಅಂಚು ಬೇಡಂತೆ ಕಣ್ರೀ" ಅನ್ನೋದು. ಎಲ್ಲರೂ ನಂಬಿದರು, ನನ್ನೊಬ್ಬನನ್ನು ಬಿಟ್ಟು. ಬಲಗಡೆಯ ಅವಳ ಹಲಗೆ ಮೇಲೆ ಯಾರೂ ಕೂರದ ಹಾಗೆ ನೂಲಿನ ಬುಟ್ಟಿ ಇಟ್ಟಿದ್ದೆ.

ಸರೋಜ ಆ ಬುಟ್ಟಿ ಎತ್ತಿ ಕೆಳಗಿಟ್ಟಳು. "ಅಂಚಿನ ಸೀರೆಗೆ ಹಾಸು ಹೂಡಪ್ಪಾ. ಭಾನುವಾರ ಬಂದು ಕೂತ್ಕೊಳ್ತೀನಿ."

"ನಿಂಗೆ ಕೈ ಬರಲ್ಲ ಕಣವ್ವಾ."

"ಬೈತಾ ಕಲಿಸು. ಅವ್ವಂಗೆ ಹಂಗೇ ಅಲ್ವಾ ಕಲಿಸಿದ್ದು?"

ಯಾರು ಯಾರಿಗೆ ಬೈದು ಕಲಿಸಿದರು ಅನ್ನೋದು ಆ ಹಲಗೆಗೇ ಗೊತ್ತು.

ಬಿಳಿ ನೂಲಿನ ಪಕ್ಕ ಮತ್ತೆ ಕೆಂಪು ನೂಲು ಹೂಡಿದೆ. ಈ ಭಾನುವಾರ ಅವಳು ಬಂದು ಕೂತಳು. ಲಾಳಿ ಒಮ್ಮೆ ತಡ, ಒಮ್ಮೆ ಅವಸರ. ಚೆನ್ನಾಗಿ ಬೈದೆ. ಬೈಗುಳದ ನಡುವೆಯೇ "ಆಗಪ್ಪಾ!" ಅಂದಳು, ಅದೇ ತೆಲುಗು, ಅದೇ ದನಿ. ಎಳೆ ಹರಿದಿತ್ತು. ನನಗೆ ಕಂಡಿರಲಿಲ್ಲ. ಗಂಟು ಹಾಕೋಕೆ ಬಹಳ ಹೊತ್ತು ಹಿಡೀತು. ಕಣ್ಣು ಮಂಜಾಗ್ತದೆ, ವಯಸ್ಸಾಯ್ತಲ್ಲ.

ಈಗ ನನ್ನ ಹತ್ತಿರ ಇರೋದು ಒಂದು ಮಗ್ಗ, ಮೂರು ಲಾಳಿ, ಭಾನುವಾರ ಬರೋ ಒಬ್ಬಳು ಮಗಳು, ಒಂದು ಗೇಣು ಅಂಚು.