ಬೇರೆಯವರು ಟೈಪು ಮಾಡಿದ ನನ್ನ ರಾಜೀನಾಮೆ

ತೊಂಬತ್ತರ ದಶಕದ ಕೊನೆಯಲ್ಲಿ ನಾನು ಸಿದ್ದಾಪುರದ ಒಂದು ಸರ್ಕಾರಿ ಕಚೇರಿಯಲ್ಲಿ ಬೆರಳಚ್ಚುಗಾರ್ತಿಯಾಗಿದ್ದೆ. ದಿನವೂ ಕಾನಸೂರಿನಿಂದ ಬಸ್ಸಿನಲ್ಲಿ ಹೋಗಿಬರುತ್ತಿದ್ದೆ. ಒಂದು ಮಧ್ಯಾಹ್ನ ಹಳೇ ಕಡತ ತರಲು ದಾಖಲೆ ಕೋಣೆಗೆ ಹೋದಾಗ, ಕಾಲು ತುಕ್ಕು ಹಿಡಿದಿದ್ದ ಕಬ್ಬಿಣದ ಕಪಾಟು ನನ್ನ ಮೇಲೆ ಮಗುಚಿತು. ತಲೆ ಉಳಿಯಿತು, ಬಲಗೈ ಅಡಿಯಲ್ಲಿ ಸಿಕ್ಕಿತು. ಶಿರಸಿಯ ಆಸ್ಪತ್ರೆಯಲ್ಲಿ ಎರಡು ಬೆರಳು ತೆಗೆದರು. ಉಳಿದವು ಇನ್ನು ಮಡಚುವುದಿಲ್ಲ ಎಂದು ಗೊತ್ತಾಗಲು ಮೂರು ತಿಂಗಳು ಬೇಕಾಯಿತು.

ರಜೆ ಮುಗಿಸಿ ಹೋದ ದಿನ ಸಾಹೇಬರು ಒಳಗೆ ಕರೆದು ಕುರ್ಚಿ ಕೊಟ್ಟರು, ಚಹಾ ತರಿಸಿದರು. ಆರು ವರ್ಷದಲ್ಲಿ ಅವರೆದುರು ನಾನು ಕೂತಿದ್ದು ಅದೇ ಮೊದಲು. ಆಗಲೇ ಏನೋ ಸರಿಯಿಲ್ಲ ಅನ್ನಿಸಿತು. ಅವರು ಹಾವೇರಿ ಕಡೆಯವರು, ಮಾತು ಮೆತ್ತಗೆ. ಟೈಪು ಮಾಡಲಾಗದವರನ್ನು ಆ ಹುದ್ದೆಯಲ್ಲಿ ಇಟ್ಟುಕೊಳ್ಳಲು ಬರುವುದಿಲ್ಲ, ಮೇಲಿನವರು ತೆಗೆದರೆ ನಿಮ್ಮ ಹೆಸರೇ ಕೆಡುತ್ತದೆ ಎಂದು ವಿವರಿಸಿ ಒಂದು ಹಾಳೆ ಮುಂದಿಟ್ಟರು. ನನ್ನ ಹೆಸರಿನ ರಾಜೀನಾಮೆ. ‘ನನ್ನ ಅಜಾಗರೂಕತೆಯಿಂದಾದ ಗಾಯದ ಕಾರಣ’ ಎಂದು ಅದು ಶುರುವಾಗಿತ್ತು.

ಕೈಯಲ್ಲಿ ಪೆನ್ನು ನಿಲ್ಲುವುದಿಲ್ಲ ಎಂದೆ. ಅವರು ಶಾಯಿಯ ಪ್ಯಾಡನ್ನು ನನ್ನ ಕಡೆ ಸರಿಸಿದರು.

“ಸಹಿ ಬ್ಯಾಡ್ರಿ. ಎಡಗೈ ಹೆಬ್ಬೆಟ್ಟು ಒತ್ತಿದ್ರ ಸಾಕು.”

ಮನೆಯಲ್ಲಿ ತೋರಿಸಿ ತರುತ್ತೇನೆ ಎಂದವಳೇ ಹಾಳೆ ಮಡಚಿ ಚೀಲಕ್ಕೆ ಹಾಕಿಕೊಂಡು ಹೊರಬಂದೆ.

ಬಸ್ಸಿನಲ್ಲಿ ಮತ್ತೆ ಓದಿದೆ. ಪ್ರತಿ ‘ಳ’ ಸಾಲಿನಿಂದ ತುಸು ಮೇಲೆ ಬಿದ್ದಿತ್ತು. ಅದು ನನ್ನ ಯಂತ್ರದ ದೋಷ. ನಾನಿಲ್ಲದಾಗ ಆ ಯಂತ್ರದೆದುರು ಕೂರಬಲ್ಲವಳು ಒಬ್ಬಳೇ, ಉಮ್ಮಚಗಿ ಕಡೆಯ ನನ್ನ ಜೊತೆಗಾತಿ ಗುಮಾಸ್ತೆ. ರಜೆಯಲ್ಲಿ ಮೂರು ಸಲ ಮನೆಗೆ ಬಂದಿದ್ದಳು. ಪ್ರತಿ ಸಲವೂ ಬೆರಳು ಮಡಚಲು ಬರುತ್ತದೆಯೇ ಎಂದು ಕೇಳಿದ್ದಳು. ಕನಿಕರ ಅಂದುಕೊಂಡಿದ್ದೆ. ಈಗ ಅದು ವರದಿ ಒಯ್ಯಲು ಬಂದವಳ ಪ್ರಶ್ನೆಯಂತೆ ಕಂಡಿತು. ನನ್ನ ಕುರ್ಚಿ ಅವಳ ಯಾವ ನೆಂಟರಿಗೋ ಎಂದು ದಾರಿಯುದ್ದಕ್ಕೂ ಲೆಕ್ಕ ಹಾಕಿದೆ.

ಅತ್ತೆ ಕಾಗದವನ್ನು ಓದಿಸಿ ಕೇಳಿದರು. “ಕಪಾಟು ಬಿದ್ದದ್ದು ನಿನ್ನ ತಪ್ಪು ಹೇಳಿ ನೀನೇ ಎಂತಕ್ಕೆ ಬರ್ಕೊಡ್ತೆ? ಸಹಿ ಹಾಕಡ ತಂಗಿ,” ಎಂದು ತಡೆದರು.

ಮರುದಿನ ಶಿರಸಿಯ ವಕೀಲರೊಬ್ಬರಲ್ಲಿಗೆ ಹೋದೆ. ಕೆಲವು ವರ್ಷಗಳ ಹಿಂದೆ ಬಂದ ಕಾಯ್ದೆಯ ಪ್ರಕಾರ, ಸರ್ಕಾರಿ ಸೇವೆಯಲ್ಲಿರುವಾಗ ಅಂಗವಿಕಲರಾದವರನ್ನು ಕೆಲಸದಿಂದ ತೆಗೆಯುವಂತಿಲ್ಲ, ಅದೇ ಸಂಬಳದಲ್ಲಿ ಮಾಡಬಲ್ಲ ಬೇರೆ ಕೆಲಸ ಕೊಡಬೇಕು ಎಂದರು. ನಾನು ಅವರನ್ನೂ ನಂಬಲಿಲ್ಲ. ಪುಸ್ತಕ ತೆಗೆಸಿ ಆ ಸಾಲನ್ನು ನಾನೇ ಎರಡು ಸಲ ಓದಿದೆ. “ನೀವಾಗಿಯೇ ಬಿಟ್ಟುಕೊಟ್ಟರೆ ಈ ಕಾಯ್ದೆ ನಿಮ್ಮನ್ನು ಕಾಯುವುದಿಲ್ಲ,” ಎಂದರು ಅವರು. ಚಹಾ ತರಿಸಿದ್ದು ಯಾಕೆಂದು ಆಗ ಅರ್ಥವಾಯಿತು.

ಎಡಗೈಯಲ್ಲಿ, ಸೊಟ್ಟ ಅಕ್ಷರದಲ್ಲಿ, ಬೇರೆ ಕೆಲಸ ಕೊಡಿ ಎಂದು ಅರ್ಜಿ ಬರೆದೆ. ಸಾಹೇಬರ ಕೋಣೆ ನನ್ನ ಮೇಜಿನಿಂದ ಹತ್ತು ಹೆಜ್ಜೆ. ಆದರೂ ಅಂಚೆ ಕಚೇರಿಗೆ ಹೋಗಿ ರಿಜಿಸ್ಟರ್ ಮಾಡಿದೆ, ಒಂದು ಪ್ರತಿ ಮೇಲಿನ ಕಚೇರಿಗೂ ಹಾಕಿದೆ. ಆಮೇಲೆ ಕಚೇರಿಯಲ್ಲಿ ಯಾರು ಪಿಸುಗುಟ್ಟಿದರೂ ನನ್ನ ಬಗ್ಗೆಯೇ ಅನ್ನಿಸುತ್ತಿತ್ತು. ಹಾಜರಿ ಪುಸ್ತಕದಲ್ಲಿ ನನ್ನ ಎಡಗೈ ಸಹಿ ಅಲ್ಲೇ ಇದೆಯೇ ಎಂದು ಸಂಜೆ ಮತ್ತೊಮ್ಮೆ ನೋಡಿಯೇ ಬಸ್ಸು ಹತ್ತುತ್ತಿದ್ದೆ.

ಐದು ತಿಂಗಳಿಗೆ ಆದೇಶ ಬಂತು. ಅದೇ ಸಂಬಳ, ಟಪಾಲು ವಿಭಾಗ. ನನ್ನ ಕಡತವನ್ನು ಅಲ್ಲಿ ಮೊದಲ ಬಾರಿಗೆ ನೋಡಿದೆ. ಕಪಾಟಿನ ಕಾಲು ಮುರಿಯುವಂತಿದೆ, ದುರಸ್ತಿ ಮಾಡಿಸಬೇಕು ಎಂಬ ಟಿಪ್ಪಣಿಯೊಂದು ಅದರಲ್ಲಿತ್ತು. ಅಪಘಾತಕ್ಕಿಂತ ಎರಡು ತಿಂಗಳು ಹಿಂದಿನದು. ಅಕ್ಷರ ಜೊತೆಗಾತಿಯದು. ತಪ್ಪು ನನ್ನದಲ್ಲ ಎಂದು ಮೇಲಿನವರು ತೀರ್ಮಾನ ಮಾಡಿದ್ದು ಅದನ್ನು ನೋಡಿಯೇ ಎಂದು ಆದೇಶದಲ್ಲೇ ಬರೆದಿತ್ತು.

ರಾಜೀನಾಮೆ ಟೈಪು ಮಾಡಿದ್ದು ನೀನೇ ಅಲ್ಲವೇ ಎಂದು ಅವಳನ್ನು ಕೇಳಿದೆ.

“ಹೌದು. ಸಾಹೇಬ್ರು ಹೇಳಿದ್ರು, ಮಾಡ್ದೆ,” ಎಂದಳು.

ಹಾಗಾದರೆ ಈ ಟಿಪ್ಪಣಿಯನ್ನು ನನ್ನ ಕಡತಕ್ಕೆ ಸೇರಿಸಿದವರು ಯಾರು ಎಂದೆ. ಅವಳು ಲಕೋಟೆಗಳಿಗೆ ಅಂಟು ಹಚ್ಚುತ್ತ ಕೂತಳು. ಮರುವರ್ಷ ಅವಳಿಗೆ ಯಲ್ಲಾಪುರಕ್ಕೆ ವರ್ಗವಾಯಿತು. ಹೊರಡುವ ದಿನ ಇನ್ನೊಮ್ಮೆ ಕೇಳಬೇಕು ಅಂದುಕೊಂಡಿದ್ದೆ. ಕೇಳಲಿಲ್ಲ. ಅವಳು ಏನು ಹೇಳಿದ್ದರೂ ಆಗ ನಾನು ನಂಬುತ್ತಿರಲಿಲ್ಲ.